ಏಪ್ರಿಲ್ ಹದಿನಾಲ್ಕರ ಸಹಿ

ಸ್ಮಶಾನದ ಹದಿನೆಂಟು ಗುಂಟೆಯಲ್ಲಿ ಟ್ರ್ಯಾಕ್ಟರ್ ಹೊಡೆದು ಕಬ್ಬು ಹಚ್ಚಿದ್ದಾರೆ ಎಂದು ಪಂಚನಾಮೆಯಲ್ಲಿ ಬರೆದದ್ದಕ್ಕೆ ಗ್ರಾಮ ಆಡಳಿತಾಧಿಕಾರಿ ರೇಣುವನ್ನು ಫೆಬ್ರುವರಿಯಲ್ಲಿ ಅಮಾನತು ಮಾಡಿದರು. ಕಬ್ಬು ಹಚ್ಚಿದವರಿಗೆ ಏನೂ ಆಗಲಿಲ್ಲ.

ಈಗ ಜನವರಿ. ಹನ್ನೊಂದು ತಿಂಗಳಿಂದ ಅವಳು ದಿನಾ ಬೈಲಹೊಂಗಲ ಬಿಟ್ಟು, ಸವದತ್ತಿಯಲ್ಲಿ ಬಸ್ಸು ಬದಲಿಸಿ, ರಾಮದುರ್ಗದ ಈ ತಹಶೀಲ್ದಾರ್ ಕಚೇರಿಗೆ ಬಂದು ಹಾಜರಿ ಪುಸ್ತಕದಲ್ಲಿ ಸಹಿ ಹಾಕುತ್ತಿದ್ದಾಳೆ. ಹಾಗೆಂದು ಯಾವ ನಿಯಮವೂ ಇಲ್ಲ. ತಹಶೀಲ್ದಾರ್ ಸಾಹೇಬರು ಹೇಳಿದ್ದರು, ಅಷ್ಟೇ. ಕೆಲಸವಿಲ್ಲ, ಕುರ್ಚಿಯಿಲ್ಲ. ಸೈಕಲ್ ಸ್ಟ್ಯಾಂಡಿನ ಪಕ್ಕದ ಕಲ್ಲಿನ ಮೇಲೆ ಸಂಜೆಯ ತನಕ ಕೂರಬೇಕು. ಮಾಡಿದ ತಪ್ಪೇನೆಂದು ಬರೆದ ಒಂದೇ ಒಂದು ಹಾಳೆಯನ್ನೂ ಯಾರೂ ಅವಳಿಗೆ ಕೊಟ್ಟಿರಲಿಲ್ಲ.

ಹೋದ ವಾರ ಅವಳು ಹಾಕಿದ ಅರ್ಜಿಯ ಮೇಲೆ ಬೆಳಗಾವಿಯ ನ್ಯಾಯಮಂಡಳಿ ಅದನ್ನೇ ಕೇಳಿತ್ತು. "ಮೂರು ತಿಂಗಳೊಳಗೆ ದೋಷಾರೋಪ ಪಟ್ಟಿ ಕೊಟ್ಟಿದ್ದೀರಾ? ಕೊಟ್ಟಿದ್ದರೆ ಈಕೆಯ ಸ್ವೀಕೃತಿ ಎಲ್ಲಿ?" ಆ ಗಡುವು ಮೀರಿದ್ದರೆ ಅಮಾನತು ನಿಲ್ಲುವುದಿಲ್ಲ. ಸರ್ಕಾರದ ವಕೀಲರು ಒಂದು ವಾರದ ಸಮಯ ಬೇಡಿದ್ದರು.

ಇವತ್ತು ಮೊದಲ ಸಲ ಅವಳನ್ನು ಒಳಗೆ ಕರೆದರು.

"ಕುಂದರವಾ ತಂಗಿ," ಎಂದರು ಸಾಹೇಬರು. ಇಷ್ಟು ದಿನ 'ಏ ಸಸ್ಪೆಂಡ್' ಎಂದು ಕೂಗಿದ ಬಾಯಿಯೇ ಅದು. ಚಹಾ ಬಂತು.

ಗುಮಾಸ್ತ ಮಡಿವಾಳೆಪ್ಪ ದೋಷಾರೋಪ ಪಟ್ಟಿಯ ನಾಲ್ಕು ಹಾಳೆ ಮುಂದಿಟ್ಟ. ಪ್ರಿಂಟರಿನ ಬಿಸಿ ಇನ್ನೂ ಆರಿರಲಿಲ್ಲ. ಕೊನೆಯಲ್ಲಿ ಎರಡು ಸಾಲು: 'ಈ ಪಟ್ಟಿಯನ್ನು ಸ್ವೀಕರಿಸಿದ್ದೇನೆ. ಪಂಚನಾಮೆ ತಪ್ಪಾಗಿ ಬರೆದದ್ದನ್ನು ಒಪ್ಪಿದ್ದೇನೆ.' ಕೆಳಗೆ ಹೋದ ವರ್ಷದ ತಾರೀಖು, ಏಪ್ರಿಲ್ ಹದಿನಾಲ್ಕು.

"ಇಲ್ಲೊಂದು ಸಹಿ ಹಾಕ್ರಿ ಮೇಡಮ್ಮರ," ಎಂದ ಮಡಿವಾಳೆಪ್ಪ. "ನಾಳೆ ಅಮಾನತು ತೆರವು. ಪೋಸ್ಟಿಂಗ್ ಬೈಲಹೊಂಗಲದಾಗ, ಮನಿ ಮುಂದ. ನಿಮ್ಮವ್ವ ನಸುಕಿನ್ಯಾಗ ಎದ್ದು ಬುತ್ತಿ ಕಟ್ಟೂದರ ತಪ್ಪತೈತಿ."

ಅವ್ವ ಲಗಮವ್ವನ ಊದಿದ ಮಂಡಿಗಳು ರೇಣುವಿನ ಕಣ್ಣ ಮುಂದೆ ಬಂದವು. ಪೆನ್ನು ಕೈಗೆ ತೆಗೆದುಕೊಂಡಳು. ತಾರೀಖನ್ನು ಇನ್ನೊಮ್ಮೆ ಓದಿದಳು. ತಡೆಯಲಾರದೆ ನಕ್ಕುಬಿಟ್ಟಳು.

"ಮಡಿವಾಳೆಪ್ಪಣ್ಣಾ, ಈ ತಾರೀಖು ಯಾರು ಹಾಕಿದ್ರಿ?"

"ನಾನರಿ. ತೊಂಬತ್ತು ದಿನದಾಗ ಬರೂವಂಗ ಬೆರಳು ಮಡಿಚಿ ಎಣಿಸಿ ಹಾಕೇನಿ."

"ಅವತ್ತು ಬಾಬಾಸಾಹೇಬರ ಜಯಂತಿ. ನಾ ನಮ್ಮ ಓಣ್ಯಾಗ ಮೆರವಣಿಗಿ ಮುಂದ ಕುಣ್ಯಾಕ ಹತ್ತಿದ್ದೆ. ನಿಮ್ಮ ಕಚೇರಿಗೆ ಕೀಲಿ ಇತ್ತು. ಮುಚ್ಚಿದ ಬಾಗಲದಾಗಿಂದ ಕೈ ಹೊರಗ ಚಾಚಿ ಕೊಟ್ರೇನು ನನಗ?"

ಮಡಿವಾಳೆಪ್ಪ ನಾಲಿಗೆ ಕಚ್ಚಿಕೊಂಡ. ಆ ದಿನ ರಜೆ ಯಾಕೆ ಬರುತ್ತದೆಂದು ನೆನಪಿಟ್ಟುಕೊಳ್ಳುವ ಜರೂರು ಆ ಕೋಣೆಯಲ್ಲಿ ಯಾರಿಗೂ ಬಿದ್ದಿರಲಿಲ್ಲ.

"ಅದಕ್ಕೇನಾತು, ಹದಿನೈದು ಮಾಡೋ ಮಾರಾಯಾ," ಎಂದರು ಸಾಹೇಬರು.

ಪ್ರಿಂಟರ್ ಗುರುಗುಟ್ಟಿತು. ಹದಿನಾಲ್ಕು ಹದಿನೈದಾಯಿತು. ಅಷ್ಟು ಸಲೀಸು. ಇದೇ ಸಾಹೇಬರು ಸ್ಮಶಾನವನ್ನೂ ಹೀಗೇ 'ಪಡ ಭೂಮಿ', ಬರೀ ಬೀಳು ನೆಲ, ಎಂದು ಬರೆ ಎಂದಿದ್ದರು. ಪಂಚನಾಮೆಯ ದಿನ ಎದೆಮಟ್ಟ ಬೆಳೆದ ಕಬ್ಬಿನ ನಡುವೆ ನಿಂತು ಮುದುಕಿ ಸತ್ಯವ್ವ ಕಾಲ ಬುಡ ತೋರಿಸಿದ್ದಳು: "ಇಲ್ಲೇ ಮಲಗ್ಯಾನವಾ ನನ್ನ ಗಂಡ. ಈಟು ತುಳೀದಂಗ ನಿಂದರು." ರೇಣು ಹಿಂದೆ ಸರಿದು ನಿಂತೇ ಪಂಚನಾಮೆ ಬರೆದಿದ್ದಳು.

"ಹದಿನೈದಕ್ಕ ನಾ ಹಾಜರಿದ್ದೆರಿ," ಎಂದಳು. "ಪುಸ್ತಕದಾಗ ನನ್ನ ಸಹಿ ಐತಿ. ಆದರ ಈ ಹಾಳಿ ಕೊಡಲಿಲ್ಲ ನೀವು. ಆ ತಪ್ಪೊಪ್ಪಿಗಿ ಸಾಲು ಹೊಡದು, ಇವತ್ತಿನ ತಾರೀಖು ಹಾಕ್ರಿ, ಈಗ ತಗೋತೇನಿ."

"ಇವತ್ತಿಂದು ಹಾಕಿದ್ರ ನಾಳೆ ಕೋರ್ಟಿನ್ಯಾಗ ನನ್ನ ಮಾನ ಹರಾಜು!" ಸಾಹೇಬರು ಮೇಜು ಗುದ್ದಿದರು, ಚಹಾ ಕಪ್ಪಿನಿಂದ ಬಸಿಗೆ ಚೆಲ್ಲಿತು. "ಸುಮ್ಮನ ಹಾಕ. ಇಲ್ಲಾಂದ್ರ ಆ ಕಲ್ಲಿನ ಮ್ಯಾಲ ರಿಟೈರ್ ಆಗತಿ."

ರೇಣು ಪೆನ್ನಿಗೆ ಟೋಪಿ ಹಾಕಿ ಮಡಿವಾಳೆಪ್ಪನ ಮುಂದಿಟ್ಟಳು.

"ಹಾಕೂದಿಲ್ರಿ."

ಎದ್ದಳು.

"ಕುಂದರ ಅಂದೆ!"

ಅವಳು ಕುರ್ಚಿಯನ್ನು ಮೇಜಿನ ಒಳಗೆ ಸರಿಸಿ ಹೊರಗೆ ನಡೆದಳು. ಬಿಸಿಲಿಗೆ ಕಲ್ಲು ಕಾದಿತ್ತು. ಸೆರಗಿನಿಂದ ಧೂಳು ಕೊಡವಿ ಅದರ ಮೇಲೆ ಕುಳಿತು ಬುತ್ತಿ ಬಿಚ್ಚಿದಳು.