ಆಸರೆ ಸೊನ್ನೆ

ಅವಳು ಬಂದು ಚೀಲವನ್ನಿನ್ನೂ ಕೆಳಗಿಟ್ಟಿರಲಿಲ್ಲ, ಭಾವ ಒಂದು ಹಾಳೆ ತಂದು ಅವಳ ಮೇಜಿನ ಮೇಲಿಟ್ಟು, ಮುಖ ಕೊಟ್ಟು ಮಾತಾಡದೆ ಹೋಗಿ ಕಿಟಕಿಯ ಬಳಿ ನಿಂತರು. ಅನುಮಾನ ಶುರುವಾದದ್ದೇ ಅಲ್ಲಿ. ಲೆಕ್ಕ ಕೊಟ್ಟ ಮೇಲೆ ಎದುರಿಗೇ ಕೂತು, ಪೆನ್ಸಿಲಿನ ತುದಿ ಕಚ್ಚುತ್ತ, "ತಪ್ಪು ಹುಡುಕು ನೋಡೋಣ" ಎಂದು ಕೆಣಕುವುದು ಅವರ ಜಾಯಮಾನ. ಇವತ್ತು ಕೆಣಕುವುದೂ ಇಲ್ಲ, ಪೆನ್ಸಿಲೂ ಇಲ್ಲ.

ಟೈರು ಅಂಗಡಿಯ ಮೇಲಿನ ಆ ಎರಡು ಕೋಣೆಗಳಲ್ಲಿ ನಡೆಯುತ್ತಿದ್ದುದು ಅಳಿಸುವ ಗಣಿತ. ಭಾವ ಕಂಡುಹಿಡಿದ ಸಿದ್ಧಾಂತವನ್ನು ಹೇಳುವುದು ಸುಲಭ. ಜಗತ್ತಿನಲ್ಲಿ ಹೆಚ್ಚಿನವಕ್ಕೆಲ್ಲ ಏನಾದರೊಂದು ಒರಗಿಕೊಂಡಿರುತ್ತದೆ. ಯಾವುದಕ್ಕೆ ಯಾವುದೂ ಒರಗಿಲ್ಲವೋ ಅದರ ಆಸರೆ ಸೊನ್ನೆ. ಅದನ್ನು ತೆಗೆದುಹಾಕಿದರೆ ಏನೂ ಬೀಳುವುದಿಲ್ಲ. ಭಾವ ಲೆಕ್ಕ ಮಾಡುತ್ತಾರೆ, ಅವಳು ತಾಳೆ ನೋಡುತ್ತಾಳೆ. ಮೊತ್ತ ಸೊನ್ನೆ ಬಂದರೆ ಅವಳು ಕೆಳಗೆ ಎರಡು ಗೆರೆ ಎಳೆಯಬೇಕು. ಎರಡನೆಯ ಗೆರೆ ಮುಗಿಯುವಷ್ಟರಲ್ಲಿ ಆ ವಸ್ತು ಇಲ್ಲ, ಅದರ ನೆನಪಿಲ್ಲ, ಬರೆದ ಹಾಳೆಯೂ ಖಾಲಿ. ಎಲ್ಲಾದರೂ ಚೂರು ಉಳಿಕೆ ಬಿದ್ದಿದ್ದರೆ ಅದನ್ನು ಹಿಡಿದು ಹಿಂದಕ್ಕೆ ಲೆಕ್ಕ ಹಾಕಿ, ಹೋದದ್ದನ್ನು ವಾಪಸ್ಸು ತರಬಹುದು. ಉಳಿಕೆಯೂ ಹೋದರೆ ಕಥೆ ಮುಗಿಯಿತು.

ಏನೇನು ಅಳಿಸಿದ್ದಾರೆ ಎಂದು ಕೇಳಿದರೆ ಇಬ್ಬರಿಗೂ ಗೊತ್ತಿಲ್ಲ. ಖಾಲಿ ಹಾಳೆಗಳ ಕಂತೆ ನೋಡಿ, ಪರವಾಗಿಲ್ಲ, ಕೆಲಸ ಚೆನ್ನಾಗಿಯೇ ಆಗಿದೆ ಅಂದುಕೊಳ್ಳಬೇಕು. ಕೆಳಗಿನ ಟೈರಿನವನ ಪ್ರಕಾರ ಇವರಿಬ್ಬರೂ ದಿನವಿಡೀ ನೊಣ ಹೊಡೆಯುತ್ತಾರೆ.

ಗೋಡೆಯ ಮೇಲೆ ಅವಳದೇ ಗುಂಡು ಅಕ್ಷರದಲ್ಲಿ ಒಂದು ನಿಯಮವಿತ್ತು: ಲೆಕ್ಕ ಮಾಡುವವರು, ತಾಳೆ ನೋಡುವವರು ಒರಗಿದವರ ಲೆಕ್ಕದಲ್ಲಿ ತಮ್ಮನ್ನು ಎಣಿಸಿಕೊಳ್ಳಬಾರದು. ತನಗೆ ಬೇಕಾದದ್ದನ್ನು ಅಳಿಸಲು ಯಾರಿಗೆ ಮನಸ್ಸು ಬರುತ್ತದೆ? ಹಾಗೆ ಬಿಟ್ಟರೆ ಮುರುಕು ಕುರ್ಚಿಯೂ ಜಾಗ ಬಿಟ್ಟು ಕದಲುವುದಿಲ್ಲ. ಆ ನಿಯಮ ಬರೆದ ದಿನ ಅವಳಿಗೆ ತನ್ನ ಬಗ್ಗೆ ತುಸು ಹೆಮ್ಮೆಯೇ ಆಗಿತ್ತು.

ಹಾಳೆಯ ತಲೆಯಲ್ಲಿ ಹೀಗಿತ್ತು: 'ಅಳಿಸಬೇಕಾದದ್ದು ಒಂದು ರೂಢಿ. ತಾಳೆ ನೋಡುವವಳು ನನ್ನನ್ನು ಭಾವ ಎಂದು ಕರೆಯುವುದು.'

"ಇದೇನ್ ಭಾವ ಇದು?"

"ಆಫೀಸಲ್ಲಿ ಚೆನ್ನಾಗಿರಲ್ಲಮ್ಮ. ನೀನು ಕರೆಯೋದು ಕೇಳಿ ಕೇಳಿ ಕೆಳಗಿನವನೂ ನನ್ನನ್ನ ಭಾವ ಅಂತಾನೆ. ಸಾರ್ ಅಂದ್ರೆ ಸಾಕು."

"ಅಷ್ಟಕ್ಕೆ ಲೆಕ್ಕ ಯಾಕೆ? ಬಾಯಲ್ಲಿ ಹೇಳಿದ್ರೆ ಬಿಡ್ತಿದ್ನಲ್ಲ."

"ನೋಡಿ ಗೆರೆ ಎಳೆದುಬಿಡು," ಎಂದರು ಭಾವ, ಬೆನ್ನು ತಿರುಗಿಸಿಕೊಂಡೇ.

ಅವಳು ಪೆನ್ಸಿಲು ಕೈಗೆತ್ತಿಕೊಂಡಳು. ತಾಳೆ ನೋಡುವುದೆಂದರೆ ಮೊದಲ ಸಾಲಿನಿಂದಲೇ ನೋಡಬೇಕು. ಈ ರೂಢಿ ಹುಟ್ಟಿದ್ದೆಲ್ಲಿಂದ? ಇವರು ತನಗೆ ಭಾವ ಆದದ್ದು ಹೇಗೆ? ಗಂಡನ ಅಣ್ಣ ಎನ್ನಲು ಅವಳಿಗೆ ಮದುವೆಯೇ ಆಗಿಲ್ಲ. ಸೋದರಮಾವನ ಮಗ ಎನ್ನಲು ಅಮ್ಮನಿಗೆ ಅಣ್ಣತಮ್ಮಂದಿರಿರಲಿಲ್ಲ. ಸೋದರತ್ತೆಯ ಮಗ ಎನ್ನಲು ಅಪ್ಪನಿಗೆ ಅಕ್ಕತಂಗಿಯರಿರಲಿಲ್ಲ. ಇನ್ನುಳಿದದ್ದು ಒಂದೇ, ಅಕ್ಕನ ಗಂಡ.

ಅವಳಿಗೆ ಅಕ್ಕ ಇಲ್ಲ. ಭಾವನಿಗೆ ಹೆಂಡತಿಯಿಲ್ಲ, ದಿನಾ ಹೋಟೆಲಿನ ಊಟ, ಅಂಗಿಗೆ ಎರಡು ಗುಂಡಿ ಕಮ್ಮಿ.

ಅವಳಿಗೆ ಮೊದಲು ಹೆದರಿಕೆ, ಹಿಂದೆಯೇ ಸಿಟ್ಟು. ಈ ಮನುಷ್ಯ ಬೆನ್ನು ತಿರುಗಿಸಿ ನಿಂತದ್ದು ಇದಕ್ಕೇ.

"ನಮ್ಮಕ್ಕನ್ನ ಏನ್ ಮಾಡಿದ್ರಿ ಭಾವ?"

ಅಕ್ಕ ಎಂಬ ಮಾತು ನಾಲಿಗೆಯ ಮೇಲೆ ಎಡವಲೇ ಇಲ್ಲ, ಸಾವಿರ ಸಲ ಕೂಗಿ ಅಭ್ಯಾಸವಿದ್ದ ಹಾಗೆ ಬಂತು.

ಭಾವ ತಿರುಗಿದರು. ಮುಖ ಇಷ್ಟೇ ಇಷ್ಟಾಗಿತ್ತು. "ಗೊತ್ತಿಲ್ಲ ಕಣಮ್ಮ. ಆಣೆ ಇಟ್ಟು ಹೇಳ್ತೀನಿ, ಗೊತ್ತಿಲ್ಲ. ಜಗಳ ಆಗಿತ್ತೋ, ಕಾಯಿಲೆ ಬಿದ್ದು ನರಳ್ತಿದ್ದಳೋ, ಸಾಕಾಯ್ತು ಅಂತ ಅವಳೇ ಕೇಳಿಕೊಂಡಳೋ. ನೀನು ಭಾವ ಅಂದಾಗೆಲ್ಲ ನಿನ್ನ ಹಿಂದೆ ಇನ್ನೊಬ್ಬರು ಒಳಗೆ ಬರ್ತಾರೆ ಅಂತ ಬಾಗಿಲ ಕಡೆ ನೋಡ್ತೀನಿ. ಯಾರೂ ಬರಲ್ಲ. ನನ್ ಕೈಲಿ ಆಗ್ತಿಲ್ಲ. ಇದೊಂದು ಕರೆಯೋದು ಹೋದ್ರೆ ಉಳಿಕೆ ಸೊನ್ನೆ. ನೆಮ್ಮದಿ."

"ನಿಮ್ಮ ನೆಮ್ಮದಿಗೆ ಅವಳು ಪೂರ್ತಿ ಹೋಗ್ಬೇಕಾ? ನಮ್ಮಕ್ಕನಿಗೆ ಸೊನ್ನೆ ಹಾಕೋಕೆ ನಿಮಗೆ ಕೈಯಾದ್ರೂ ಹೇಗೆ ಬಂತು?"

"ಸೊನ್ನೆ ಹಾಕಿದ್ದು ನಾನೇ ಇರ್ಬೇಕು," ಎಂದರು ಭಾವ ಮೆಲ್ಲಗೆ. ಚುಚ್ಚುವ ದನಿಯಾಗಿರಲಿಲ್ಲ ಅದು. "ಗೆರೆ ಎಳೆದದ್ದು ಯಾರಮ್ಮ?"

ಈ ಕೋಣೆಯಲ್ಲಿ ಗೆರೆ ಎಳೆಯುವ ಕೈ ಒಂದೇ. ಅವಳ ಕಣ್ಣು ಗೋಡೆಯ ಮೇಲಿನ ಗುಂಡು ಅಕ್ಷರಗಳಿಗೆ ಹೋಯಿತು. ಅಪ್ಪ ಅಮ್ಮ ತೀರಿಕೊಂಡ ಮೇಲೆ ಅಕ್ಕನಿಗೆ ಒರಗಿಕೊಂಡಿದ್ದವರು ಇಬ್ಬರೇ ಇದ್ದಿರಬೇಕು. ಒಬ್ಬರು ಲೆಕ್ಕ ಮಾಡಿದರು, ಒಬ್ಬಳು ತಾಳೆ ನೋಡಿದಳು. ನಿಯಮದ ಪ್ರಕಾರ ಇಬ್ಬರೂ ತಮ್ಮನ್ನು ಎಣಿಸಿಕೊಳ್ಳಲಿಲ್ಲ. ಮೊತ್ತ ಸೊನ್ನೆ ಬಂತು. ತಪ್ಪು ಹುಡುಕುವುದೇ ಕಸುಬಾದವಳಿಗೆ ತಪ್ಪು ಕಾಣಲಿಲ್ಲ. ನಾಚಿಕೆಯೋ ಸಂಕಟವೋ ಹೇಳಲಾಗದೆ ಅವಳು ಕಣ್ಣೊರೆಸಿಕೊಂಡಳು.

ಆಮೇಲೆ ಹಾಳೆಯ ಮೇಲಿನ ಸೊನ್ನೆಯನ್ನು ಹೊಡೆದುಹಾಕಿ, ತನ್ನನ್ನು ಎಣಿಸಿಕೊಂಡು, ಪಕ್ಕದಲ್ಲಿ ಒಂದು ಎಂದು ಬರೆದಳು. ಪೆನ್ಸಿಲನ್ನು ಭಾವನ ಕಡೆ ಚಾಚಿದಳು.

"ನೀವೂ ಬರೀರಿ."

ಅವರು ಹಿಂದೆಮುಂದೆ ನೋಡಿದರು. ಅವಳು ಅವರ ಕೈಯಿಂದ ಕಣ್ಣು ಕೀಳಲಿಲ್ಲ. ಈಗಲೂ ಅಷ್ಟೊಂದು ನಂಬಿಕೆ ಇರಲಿಲ್ಲ, ಅವರ ಮೇಲೂ, ತನ್ನ ಮೇಲೂ. ಕೊನೆಗೆ ಭಾವ ಎದುರಿನ ಕುರ್ಚಿ ಎಳೆದು ಕೂತು, ಅವಳ ಒಂದರ ಕೆಳಗೆ ತಮ್ಮದೊಂದು ಬರೆದರು.

"ಈಗ ಕೆಳಗಿಂದ ಮೇಲಕ್ಕೆ, ಹಿಂದಕ್ಕೆ ಲೆಕ್ಕ ಹಾಕೋಣ, ಭಾವ."

ಅಭ್ಯಾಸಬಲದಿಂದ ಅವರು ತಲೆಯೆತ್ತಿ ಬಾಗಿಲ ಕಡೆ ನೋಡಿದರು. ಈ ಸಲ ಅವಳೂ ತಿರುಗಿ ನೋಡಿದಳು.