ಪಂಚಾಯತ್ ಲೈಬ್ರರಿಗೆ ತಾಗಿದ ಶಾಪ

ಅರಂತೋಡಿನಿಂದ ನಾಲ್ಕು ಕಿಲೋಮೀಟರ್ ಒಳಗಿರುವ ನಮ್ಮ ಪಂಚಾಯತ್ ಲೈಬ್ರರಿಗೆ ಭವಿತಾ ಮೇಲ್ವಿಚಾರಕಿಯಾಗಿ ಬಂದ ಮೊದಲ ವಾರವೇ ಒಂದು ಸಂಗತಿ ಕಂಡುಹಿಡಿದಳು. ರಿಜಿಸ್ಟರಿನಲ್ಲಿದ್ದ ಪುಸ್ತಕಗಳಲ್ಲಿ ಮುನ್ನೂರ ಹನ್ನೊಂದು ಕಪಾಟಿನಲ್ಲಿರಲಿಲ್ಲ. ಕೊಂಡುಹೋದವರ ಹೆಸರುಗಳಿದ್ದವು. ಅವಳು ಒಬ್ಬೊಬ್ಬರಿಗೂ ಫೋನ್ ಮಾಡಿದಳು. ಕೆಲವರು ಎಂದೋ ಕೊಟ್ಟಾಗಿದೆ ಎಂದರು. ಕೆಲವರು ಮನೆ ಬದಲಾಯಿಸುವಾಗ ಎಲ್ಲಿ ಹೋಯಿತೋ ಎಂದರು. ಒಬ್ಬರಂತೂ, ಅಷ್ಟು ಹಳೆಯ ಪುಸ್ತಕ ಈಗ ನಿಮಗೆ ಯಾಕೆ, ಸರಕಾರ ಹೊಸದು ಕೊಡುವುದಿಲ್ಲವೇ ಎಂದು ಅವಳನ್ನೇ ವಿಚಾರಿಸಿಕೊಂಡರು. ಒಂದು ವರ್ಷದಲ್ಲಿ ವಾಪಸು ಬಂದದ್ದು ಎರಡೇ ಪುಸ್ತಕ. ಅದರಲ್ಲಿ ಒಂದು ಬೇರೆ ಲೈಬ್ರರಿಯದ್ದು.

ನವೆಂಬರಿನಲ್ಲಿ ಗ್ರಂಥಾಲಯ ಸಪ್ತಾಹ ಬಂತು. ಒಂದು ಉಪನ್ಯಾಸ ಆಗಲೇಬೇಕು, ಫೋಟೊ ಕಳಿಸಲೇಬೇಕು ಎಂದು ಮೇಲಿನಿಂದ ಸೂಚನೆ ಇತ್ತು. ಭವಿತಾ ಸುಳ್ಯದಿಂದ ರಾಧಾಕೃಷ್ಣ ಸರ್ ಅವರನ್ನು ಕರೆದಳು. ಅವರು ನಿವೃತ್ತ ಇತಿಹಾಸ ಉಪನ್ಯಾಸಕರು. ವಿಷಯ, ಪ್ರಾಚೀನ ಕಾಲದಿಂದ ಇಂದಿನವರೆಗೆ ಗ್ರಂಥಾಲಯಗಳು.

ಅವಲಕ್ಕಿ, ಚಹಾ ಉಂಟೆಂದು ಗೊತ್ತಾದ್ದರಿಂದ ನಲವತ್ತು ಜನ ಸೇರಿದರು. ಸರ್ ಜೇಡಿಮಣ್ಣಿನ ಹಲಗೆಗಳಿಂದ ಆರಂಭಿಸಿದರು. ಈಜಿಪ್ತಿನವರು ಜೊಂಡಿನಿಂದ ಮಾಡಿದ ಸುರುಳಿಗಳು, ನಮ್ಮ ಮಠ ಬಸದಿಗಳ ತಾಳೆಗರಿ, ಯುರೋಪಿನಲ್ಲಿ ಕಪಾಟಿಗೆ ಸರಪಳಿ ಹಾಕಿ ಕಟ್ಟಿದ ಪುಸ್ತಕಗಳು ಎಂದು ಮುಂದುವರಿಸಿದರು. ಮುಂದಿನ ಸಾಲಿನಲ್ಲಿದ್ದ ಬೋಜಪ್ಪ ನಿದ್ದೆಗೆ ಜಾರಿದ್ದರು. ಬೋಜಪ್ಪ ದಿನಾ ಬೆಳಿಗ್ಗೆ ಪೇಪರು ಓದಲು ಬರುವ ಕೃಷಿಕರು. ಎಪ್ಪತ್ತು ದಾಟಿದೆ. ಪೇಪರಿನಾಚೆಗೆ ಒಂದಕ್ಷರ ಓದಿದವರಲ್ಲ.

ಸರ್‌ಗೆ ಸಭೆ ಕೈತಪ್ಪುತ್ತಿರುವುದು ತಿಳಿಯಿತು. ಅವರು ಪ್ರಾಯದಲ್ಲಿ ತಾಳಮದ್ದಳೆಯಲ್ಲಿ ಅರ್ಥ ಹೇಳುತ್ತಿದ್ದವರು, ಕೂತಲ್ಲೇ ಬರೀ ಮಾತಿನಿಂದ ಪಾತ್ರವಾಗಬಲ್ಲವರು. ಮತ್ತೆ ಹಿಂದಕ್ಕೆ, ಎರಡು ಸಾವಿರದ ಆರುನೂರು ವರ್ಷಗಳ ಹಿಂದಿನ ನಿನೆವೆ ಪಟ್ಟಣಕ್ಕೆ ಹೋದರು. ಅಲ್ಲಿ ಅಸ್ಸೀರಿಯದ ರಾಜನಿಗೆ ದೊಡ್ಡ ಗ್ರಂಥಾಲಯವಿತ್ತು, ಹಲಗೆ ಕದ್ದೊಯ್ಯುವವರಿಗೆ ಅವನು ಆ ಹಲಗೆಗಳ ಮೇಲೆಯೇ ಶಾಪ ಬರೆಸಿದ್ದ ಎಂದರು. ಎದ್ದು ನಿಂತು, ಶಲ್ಯ ಸರಿಮಾಡಿಕೊಂಡು, ತಾವೇ ಆ ರಾಜನಾದರು. ನನ್ನ ಭಂಡಾರದಿಂದ ಒಯ್ದು ಮರಳಿಸದವನ ಮೇಲೆ ದೇವರುಗಳು ಮುನಿಯಲಿ, ಅವನ ಹೆಸರು ಅಳಿಯಲಿ, ಅವನ ಸಂತಾನ ಈ ನೆಲದಲ್ಲಿ ಉಳಿಯದಿರಲಿ ಎಂದು ಮೇಜಿಗೆ ಬಡಿದರು. ಮೈಕ್ ಕೀರೆಂದಿತು. ಬೋಜಪ್ಪ ಬೆಚ್ಚಿ ಎದ್ದು ಕೂತರು.

ಪ್ರಶ್ನೆಗಳಿದ್ದರೆ ಕೇಳಬಹುದು ಎಂದಾಗ ಎದ್ದವರು ಬೋಜಪ್ಪ ಒಬ್ಬರೇ.

"ಆ ಶಾಪ ಆ ಲೈಬ್ರರಿಗೆ ಮಾತ್ರವಾ, ಎಲ್ಲ ಲೈಬ್ರರಿಗೂ ಉಂಟಾ?"

ಸರ್ ಚಹಾ ಕೈಗೆತ್ತಿಕೊಂಡು, ಬಸ್ಸಿನ ಹೊತ್ತಾಯಿತೆಂದು ಗಡಿಯಾರ ನೋಡುತ್ತ, "ಪುಸ್ತಕ ಎಲ್ಲಿದ್ರೂ ಪುಸ್ತಕವೇ ಅಲ್ವಾ ಬೋಜಪ್ಪರೇ" ಎಂದುಬಿಟ್ಟರು.

ಮರುದಿನ ಭವಿತಾ ಬೀಗ ತೆಗೆಯಲು ಬಂದಾಗ ಬಾಗಿಲಲ್ಲಿ ಗೋಣಿಚೀಲವೊಂದಿತ್ತು. ಒಳಗೆ ಒಂಬತ್ತು ಪುಸ್ತಕಗಳು. ಯಾರದೆಂಬ ಗುರುತಿಲ್ಲ. ಮಧ್ಯಾಹ್ನ ಹಾಲಿನ ಸೊಸೈಟಿಯವರು, ಯಾರೋ ಕೊಟ್ಟರು, ಹೆಸರು ಹೇಳಬಾರದಂತೆ ಎಂದು ನಾಲ್ಕು ತಂದರು. ಫ್ರಿಜ್ಜಿನ ಕಾಲಿಗೆ ಎತ್ತರಕ್ಕೆಂದು ಇಟ್ಟಿದ್ದ ಕತೆಪುಸ್ತಕ ಒಂದು ದುಂಡು ಗುಳಿಯೊಂದಿಗೆ ಬಂತು. ಏಳನೇ ಕ್ಲಾಸಿನಲ್ಲಿರುವಾಗ ಜಾದೂ ಕಲಿಸುವ ಪುಸ್ತಕ ಒಯ್ದಿದ್ದ ಫಯಾಝ್ ದುಬೈಯಿಂದ ಫೋನ್ ಮಾಡಿ, ಶಾಪ ಗಲ್ಫಿಗೂ ತಾಗುತ್ತದೋ ಎಂದು ವಿಚಾರಿಸಿದ. ಅಸ್ಸೀರಿಯ ಎಂದರೆ ಈಗಿನ ಇರಾಕಿನ ಕಡೆ ಎಂದು ಭವಿತಾ ಇದ್ದುದನ್ನು ಇದ್ದಂತೆ ಹೇಳಿದಳು. ದುಬೈಗೆ ಅದು ಊರಿಗಿಂತ ಹತ್ತಿರವಲ್ಲವೇ ಎಂದು ಅವನಿಗೆ ಇನ್ನಷ್ಟು ಗಾಬರಿಯಾಯಿತು. ಊರಿಗೆ ಬರುವವರ ಕೈಯಲ್ಲಿ ಪುಸ್ತಕ ಕಳಿಸಿದ.

ಬೋಜಪ್ಪ ಒಂದು ಬಿಸ್ಕತ್ತಿನ ಡಬ್ಬಿ ತಂದು ಮೇಜಿನ ಮೇಲಿಟ್ಟರು. ಒಳಗೆ ಒಂದು ರಟ್ಟು, ಒಂದು ಹಿಡಿ ಮಣ್ಣು. ಇಪ್ಪತ್ತೆರಡು ವರ್ಷ ಹಿಂದೆ ಮಗಳಿಗೆಂದು ಕೊಂಡುಹೋದದ್ದಂತೆ. ಅಟ್ಟದಲ್ಲಿ ಗೆದ್ದಲು ತಿಂದಿತ್ತು.

"ಈಗ ಶಾಪ ನನಗೆ ತಾಗುದಾ, ಒರಲೆಗಾ?" ಎಂದು ಕೇಳಿದರು.

ಗೆದ್ದಲಿಗೇ ಎಂದು ಭವಿತಾ ಸಮಾಧಾನ ಹೇಳಿ, ರಿಜಿಸ್ಟರಿನಲ್ಲಿ ಅವರ ಹೆಸರಿನ ಮುಂದೆ ಟಿಕ್ ಹಾಕಿದಳು. ಹಾಕಿದ್ದನ್ನು ಅವರು ಕನ್ನಡಕ ತೆಗೆದು, ಒರೆಸಿ, ಹಾಕಿಕೊಂಡು ನೋಡಿ ಹೋದರು.

ಹದಿನೈದು ದಿನದಲ್ಲಿ ಇನ್ನೂರ ಎಪ್ಪತ್ತು ಪುಸ್ತಕಗಳು ಬಂದವು. ಭವಿತಾ ಖುಷಿಯಿಂದ ಎಲ್ಲವನ್ನೂ ಒರೆಸಿ, ಬೆನ್ನಿಗೆ ಹೊಸ ಚೀಟಿ ಅಂಟಿಸಿ ಜೋಡಿಸಿದಳು. ತೊಂದರೆ ಗೊತ್ತಾದದ್ದು ಆಮೇಲೆ. ಬಂದ ಪುಸ್ತಕಗಳನ್ನು ಮತ್ತೆ ಕೊಂಡುಹೋಗುವವರು ಯಾರೂ ಇರಲಿಲ್ಲ. ಜನ ಬರುತ್ತಿದ್ದರು, ಪೇಪರು ನೋಡುತ್ತಿದ್ದರು, ಕಪಾಟಿನಿಂದ ಮಾರು ದೂರ ನಿಲ್ಲುತ್ತಿದ್ದರು. ಮಕ್ಕಳಿಗೂ ಮನೆಯಲ್ಲಿ, ಅಲ್ಲೇ ಕೂತು ಓದು, ಮನೆಗೆ ತರಬೇಡ ಎಂಬ ತಾಕೀತಾಗಿತ್ತು. ಡಿಸೆಂಬರಿನ ವರದಿಯಲ್ಲಿ ಎರವಲು ಕೊಟ್ಟ ಪುಸ್ತಕಗಳು ಎಂಬಲ್ಲಿ ಸೊನ್ನೆ ಬರೆಯುವಾಗ ಅವಳಿಗೆ ಅಳು ಬಂತು.

ರಾಧಾಕೃಷ್ಣ ಸರ್‌ಗೆ ಫೋನ್ ಮಾಡಿದಳು. ತಮ್ಮ ಅರ್ಥಗಾರಿಕೆಗೆ ಇನ್ನೂ ಇಷ್ಟು ಶಕ್ತಿ ಉಂಟೆಂದು ತಿಳಿದು ಅವರು ಮೊದಲು ಐದು ನಿಮಿಷ ಸಂತೋಷಪಟ್ಟರು. ಆಮೇಲೆ, ನಮ್ಮಲ್ಲಾದರೆ ಯಾವ ಶಾಪಕ್ಕೂ ವಿಮೋಚನೆ ಇರುತ್ತದೆ, ಆ ರಾಜ ಅದನ್ನೆಲ್ಲ ಬರೆಸಿದಂತೆ ಕಾಣುವುದಿಲ್ಲ ಎಂದರು. ಊರಲ್ಲಿ ಬೋಜಪ್ಪನವರ ಮುಂದಾಳತ್ವದಲ್ಲಿ ಜೋಯಿಸರ ಹತ್ತಿರ ಪ್ರಶ್ನೆ ಇಡುವ ಮಾತಾಯಿತು. ಜೋಯಿಸರು ಶಾಪ ಕೊಟ್ಟವರ ನಕ್ಷತ್ರ ಕೇಳಿದರು. ಅದು ಅಲ್ಲಿಗೇ ನಿಂತಿತು.

ಜನವರಿಯ ಒಂದು ಬೆಳಿಗ್ಗೆ ಕದೀಜಮ್ಮ ಬಂದರು. ಮೂವತ್ತು ವರ್ಷಗಳ ಹಿಂದೆ ಸಾಕ್ಷರತೆಯ ತರಗತಿಯಲ್ಲಿ ಕನ್ನಡ ಓದಲು ಕಲಿತವರು ಅವರು. ಅಂದಿನಿಂದ ಲೈಬ್ರರಿಯ ಕಾದಂಬರಿಗಳನ್ನು ಮುಗಿಸುತ್ತಲೇ ಬಂದಿದ್ದರು. ಕಾಸರಗೋಡಿನ ಮಗಳ ಮನೆಯಲ್ಲಿ ಮೂರು ತಿಂಗಳು ಇದ್ದುದರಿಂದ ಶಾಪದ ಸುದ್ದಿ ಅವರಿಗೆ ತಿಳಿದಿರಲಿಲ್ಲ. ಕಪಾಟಿಗೆ ಕೈಹಾಕಿ ದಪ್ಪದ ಎರಡು ಕಾದಂಬರಿ ಎಳೆದು, ತಿಂಗಳುಗಟ್ಟಲೆ ಓದದೆ ಹೊಟ್ಟೆ ಉಬ್ಬರಿಸಿದಂತಾಗಿದೆ ಎಂದರು.

ಬೋಜಪ್ಪ ಪೇಪರು ಮಡಚಿಟ್ಟು ಎದ್ದು ಬಂದರು. ರಾಜ, ಹಲಗೆ, ಸಂತಾನ ಎಲ್ಲವನ್ನೂ ವಿವರಿಸಿದರು. ಸರ್‌ಗಿಂತ ಚೆನ್ನಾಗಿಯೇ ಹೇಳಿದರು. ಕದೀಜಮ್ಮ ಕೊನೆಯವರೆಗೂ ಕೇಳಿದರು.

"ಆ ರಾಜ ಹೇಳಿದ್ದು ವಾಪಸು ಕೊಡದವರಿಗಲ್ವಾ? ನಾನು ಕೊಡ್ತೇನೆ. ಮತ್ತೆ ನನಗೆ ಎಂತಕ್ಕೆ ಹೆದರಿಕೆ?"

ಎರಡು ತಿಂಗಳಿಂದ ಇದು ಒಬ್ಬರಿಗೂ ಹೊಳೆದಿರಲಿಲ್ಲ, ಭವಿತಾಳಿಗೂ.

ಕದೀಜಮ್ಮ ಎಂಟನೇ ದಿನ ಪುಸ್ತಕ ಮರಳಿಸಿದರು. ಅಷ್ಟರೊಳಗೆ ಊರು ಅವರನ್ನು ಗಮನಿಸುತ್ತಲೇ ಇತ್ತು. ಅವರ ಮಂಡಿನೋವು ಕಡಿಮೆಯಾಗಿತ್ತು. ಅದಕ್ಕೆ ಮಗಳು ಕೊಟ್ಟ ಎಣ್ಣೆ ಕಾರಣವೆಂದು ಅವರು ಹೇಳಿದರೂ ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಕೊಡದವರಿಗೆ ಶಾಪವಾದರೆ ಕೊಟ್ಟವರಿಗೆ ವರ ಇರಲೇಬೇಕಲ್ಲ ಎಂಬ ಲೆಕ್ಕಕ್ಕೆ ಊರು ಬಂದಾಗಿತ್ತು. ಜನ ವಾಪಸು ಕೊಡಲೆಂದೇ ಪುಸ್ತಕ ಒಯ್ಯತೊಡಗಿದರು. ಪರೀಕ್ಷೆಗೆ ಮುಂಚೆ ಒಂದು, ಜಾಗದ ಸರ್ವೆಗೆ ಮುಂಚೆ ಒಂದು, ಹೆಣ್ಣು ನೋಡಲು ಹೋಗುವ ಮುಂಚೆ ಎರಡು.

ಎಲ್ಲರಿಗಿಂತ ನೇಮದವರು ಬೋಜಪ್ಪ. ಬೆಳಿಗ್ಗೆ ಹತ್ತಕ್ಕೆ ಕಪಾಟಿನ ತುದಿಯಿಂದ ಒಂದು ಪುಸ್ತಕ ತೆಗೆದು ಹೆಸರು ಬರೆಸುತ್ತಿದ್ದರು. ಮನೆಗೆ ಹೋಗಿ ದೇವರ ಕೋಣೆಯಲ್ಲಿ ಇಡುತ್ತಿದ್ದರು. ಸಂಜೆ ಐದಕ್ಕೆ ಪುಟ ಬಿಡಿಸದೆ ತಂದು ಕೊಟ್ಟು, ಟಿಕ್ ಹಾಕಿಸಿಕೊಂಡು ಹೋಗುತ್ತಿದ್ದರು. ಸ್ವಲ್ಪ ಓದಬಹುದಲ್ಲ ಎಂದು ಭವಿತಾ ಹೇಳಿ ನೋಡಿದಳು. ಓದುತ್ತ ಕೂತರೆ ಕೊಡುವುದು ತಡವಾಗುತ್ತದೆ ಎಂದರು.

ಮಾರ್ಚಿನಲ್ಲಿ, ಪುಸ್ತಕ ಎರವಲಿನಲ್ಲಿ ಜಿಲ್ಲೆಗೇ ಮೊದಲಿಗಳೆಂದು ಭವಿತಾಳಿಗೆ ಪ್ರಶಸ್ತಿಪತ್ರ ಬಂತು. ಕೊಡಲು ಬಂದ ಅಧಿಕಾರಿ ಇದನ್ನು ಹೇಗೆ ಸಾಧಿಸಿದಿರಿ ಎಂದು ಕೇಳಿದರು. ಬಹಳ ಪ್ರಾಚೀನ ಪದ್ಧತಿಯೊಂದನ್ನು ಅನುಸರಿಸಿದೆವು ಎಂದಳು. ಅವರು ಅದನ್ನು ಬರೆದುಕೊಂಡರು.

ಮರುವಾರ ಒಂದು ಸಂಜೆ ಐದಾದರೂ ಬೋಜಪ್ಪ ಬರಲಿಲ್ಲ. ಐದೂವರೆಯವರೆಗೆ ಕಾದಳು. ಫೋನ್ ಮಾಡಿದರೆ ಎತ್ತಲಿಲ್ಲ. ಮರುದಿನ ಬಾಗಿಲು ತೆಗೆಯುವ ಮೊದಲೇ ಅವರು ಮೆಟ್ಟಿಲಲ್ಲಿ ಕೂತಿದ್ದರು. ಕಣ್ಣು ಕೆಂಪಗಿದ್ದವು, ಪುಸ್ತಕದೊಳಗೆ ಬೆರಳಿತ್ತು. ಕರೆಂಟ್ ಹೋಗಿತ್ತಂತೆ, ಹೊತ್ತು ಹೋಗಲಿಲ್ಲವೆಂದು ಒಂದು ಪುಟ ತೆರೆದರಂತೆ.

"ಎಂತ ಆಯ್ತು ಬೋಜಪ್ಪ ಮಾವ, ಹೆದರಿಕೆ ಆಗ್ಲಿಲ್ವಾ?" ಎಂದು ಅವಳು ಕೇಳಿದಳು.

"ಹೆದರಿಕೆ ಉಂಟು. ಆದ್ರೆ ಆ ಹುಡುಗಿ ದೋಣಿ ಹತ್ತಿದ್ಲಾ ಇಲ್ವಾ ಗೊತ್ತಾಗದೆ ಹೇಗೆ ಕೊಡುದು? ಇನ್ನೂ ನಲವತ್ತು ಪುಟ ಉಂಟು, ಇನ್ನೊಂದು ದಿನಕ್ಕೆ ಬರ್ಕೊ."

ಭವಿತಾ ಹದಿನೈದು ದಿನಕ್ಕೆ ಬರೆದುಕೊಂಡಳು.