ಟ್ಯಾಂಕಿನೊಳಗಿನ ದನಿ

ಅಣ್ಣನ ಸೈಕಲ್ ರಿಪೇರಿ ಅಂಗಡಿಯ ಹಿಂದಿನ ಕೋಣೆಯೇ ಅವಳ ಸ್ಟುಡಿಯೋ. ಹೊರಗಿನ ಸದ್ದು ತಡೆಯಲು ಗೋಡೆಗೆ ಹಳೆಯ ರಗ್ಗುಗಳನ್ನು ಬಡಿದು, ಕಂಪ್ಯೂಟರು, ಕೀಬೋರ್ಡು ಇಟ್ಟುಕೊಂಡು, ದೊಡ್ಡ ಕಂಪನಿಗಳ ಹಂಗಿಲ್ಲದೆ ಸಿನಿಮಾ ಮಾಡುವವರಿಗೆ ಸಂಗೀತ ಮಾಡಿಕೊಡುತ್ತಿದ್ದಳು. ಹಾಡಲ್ಲ, ದೃಶ್ಯದ ಹಿಂದೆ ಮಂಜಿನಂತೆ ಹರಡುವ ನಾದ. "ನಿನ್ನ ಸಂಗೀತ ಯಾವಾಗ ಶುರುವಾಗುತ್ತೆ ಅಂತ ಕಾಯ್ತಿದ್ದೆ, ಅಷ್ಟರಲ್ಲಿ ಮುಗಿದೇ ಹೋಯ್ತು" ಎಂದು ಅಣ್ಣ ಛೇಡಿಸುತ್ತಿದ್ದ.

ಈ ಸಲ ಬಂದದ್ದು, ಮುಳುಗಿದ ದೋಣಿಯಲ್ಲಿ ತನ್ನ ತಮ್ಮನನ್ನು ಹುಡುಕುತ್ತ ನೀರಿಗಿಳಿಯುವ ಒಬ್ಬನ ಕಥೆ. ಅವನು ಇಳಿಯುವ ದೃಶ್ಯ ಏಳು ನಿಮಿಷ, ಒಂದೂ ಮಾತಿಲ್ಲ. ಮೂರು ವಾರ ಕೂತು ಅವಳು ಅದಕ್ಕೆ ಹನ್ನೊಂದು ಬಗೆಯ ಸಂಗೀತ ಮಾಡಿದಳು. ಗೆಳತಿಯೇ ಆಗಿದ್ದ ನಿರ್ದೇಶಕಿ ಎಲ್ಲವನ್ನೂ ಕಣ್ಣುಮುಚ್ಚಿ ಕೇಳಿದಳು.

"ಚೆನ್ನಾಗಿದೆ ಕಣೇ. ಆದ್ರೆ ನಾನಿನ್ನೂ ದಡದಲ್ಲೇ ನಿಂತಿದ್ದೀನಿ."

ಆ ಸಂಜೆ ಪಂಕ್ಚರ್ ಹಾಕಿಸಲು ಬಂದ ಚಿಕ್ಕಮ್ಮ ಅವಳ ಸಪ್ಪೆ ಮುಖ ಕಂಡರು. ಊರಿನ ನೀರು ಸರಬರಾಜಿನಲ್ಲಿ ಮೇಲ್ವಿಚಾರಕಿ ಅವರು. ವಿಷಯ ಕೇಳಿ ನಕ್ಕರು.

"ನಾಳೆ ನೆಲದಡಿಯ ದೊಡ್ಡ ಟ್ಯಾಂಕು ಖಾಲಿ ಮಾಡಿ ತೊಳೀತೀವಿ. ಮೈಕು ತಗೊಂಡು ಬಾ. ಅಲ್ಲಿ ಒಬ್ಬರು ಸೀನಿದ್ರೆ ಊರಿಗೆ ಊರೇ ನೆಗಡಿ ಹಿಡಿದ ಹಾಗೆ ಕೇಳ್ಸುತ್ತೆ."

ಬೆಳಗ್ಗೆ ಕಬ್ಬಿಣದ ಏಣಿ ಇಳಿದಾಗ ಅವಳಿಗೆ ಮೊದಲು ಕಂಡದ್ದು ಕಂಬಗಳು. ಸಾಲುಸಾಲಾಗಿ, ಒದ್ದೆಯಾಗಿ, ಕತ್ತಲಲ್ಲಿ ಕರಗುವಷ್ಟು ದೂರದವರೆಗೆ. ಎಲ್ಲೋ ಒಂದು ಹನಿ ಬಿತ್ತು. ಅದರ ಸದ್ದು ಕಂಬಕಂಬ ಸುತ್ತಿ, ಸಾವಕಾಶವಾಗಿ ಅವಳ ಬಳಿ ಬಂತು.

"ಏನಾದ್ರೂ ಹಾಡಿ, ಚಿಕ್ಕಮ್ಮ."

"ನಂಗೆಲ್ಲಿ ಬರುತ್ತೆ ಹಾಡೋಕೆ?" ಎನ್ನುತ್ತಲೇ ಅವರು ಒಂದು ಸ್ವರ ಎಳೆದರು. ಅದು ಸಾಯಲಿಲ್ಲ. ದೂರ ಹೋಗಿ ಮರಳಿ, ಎರಡನೆಯ ಸ್ವರದ ಹೆಗಲೇರಿತು. ಮೂರನೆಯದಕ್ಕೆ ಒಬ್ಬ ಹೆಂಗಸಿನ ದನಿ ಇಪ್ಪತ್ತು ಜನರದ್ದಾಗಿ ತಲೆಯ ಮೇಲೆ ತೂಗುತ್ತಿತ್ತು.  ಮೈಕು ಆನ್ ಇದೆಯೇ ಎಂದು ನೋಡುವುದನ್ನೂ ಅವಳು ಮರೆತಳು. ಪುಣ್ಯಕ್ಕೆ ಇತ್ತು.

ಕೋಣೆಗೆ ಮರಳಿ ಆ ದನಿಯನ್ನು ಎಂಟು ಪಟ್ಟು ನಿಧಾನಗೊಳಿಸಿದಳು. ಚಿಕ್ಕಮ್ಮನ ಉಸಿರು ಅಲೆಯಾಯಿತು, ಹನಿಗಳು ದೂರದ ಗಂಟೆಗಳಾದವು. ಕೀಬೋರ್ಡಿನಿಂದ ತಳಕ್ಕೆ ಒಂದೇ ಒಂದು ಮಂದ್ರ ಸ್ವರ ಸೇರಿಸಿ ಕೈ ತೆಗೆದಳು. ಇನ್ನೇನಾದರೂ ಸೇರಿಸಲು ಅವಳಿಗೆ ಭಯವಾಯಿತು. ಕೇಳಿದ ನಿರ್ದೇಶಕಿ ಹೆಡ್‌ಫೋನ್ ತೆಗೆಯದೆ ಮತ್ತೆ ಮೊದಲಿನಿಂದ ಹಾಕಿಸಿಕೊಂಡು ಕೇಳಿದಳು.

ಎಂಬತ್ತು ಕುರ್ಚಿಗಳ ಪುಟ್ಟ ಥಿಯೇಟರಿನಲ್ಲಿ ಮಧ್ಯಾಹ್ನದ ಮೊದಲ ಪ್ರದರ್ಶನ. ತೆರೆಯ ಮೇಲೆ ಅವನು ನೀರಿಗಿಳಿದಾಗ ಒಬ್ಬರೂ ಕೆಮ್ಮಲಿಲ್ಲ. ದೀಪ ಹತ್ತಿದ ಮೇಲೂ ಯಾರೂ ಏಳಲಿಲ್ಲ.

"ಅದು ಯಾರ ದನಿ?" ಪಕ್ಕದಲ್ಲಿ ಕೂತಿದ್ದ ಚಿಕ್ಕಮ್ಮ ಪಿಸುಗುಟ್ಟಿದರು.

"ನಿಮ್ದೇ."

ಅವರು ಗಂಟಲ ಮೇಲೆ ಕೈಯಿಟ್ಟುಕೊಂಡರು. "ಇಷ್ಟು ದೊಡ್ಡದು ನನ್ನೊಳಗಿತ್ತಾ?"

 ಕಸ ಗುಡಿಸುವವರು ಬಂದು ಏಳಿಸುವವರೆಗೂ ಇಬ್ಬರೂ ಅಲ್ಲೇ ಕೂತಿದ್ದರು.